ಹಾರ ಹಾಕಿದ ಕೈ

ಗದಿಗೆಮ್ಮ ಸತ್ತು ಒಂಬತ್ತು ವರ್ಷವಾಯಿತು. ಬೇಕಾದರೆ ತೆಲುಗು ನಾಡಿನ ಯಾವ ಮನೆಯ ಹೆಂಗಸನ್ನಾದರೂ ಕೇಳಿ, ಸೆರಗಿನಿಂದ ಕಣ್ಣೊರೆಸಿಕೊಂಡು ಹೌದು ಎನ್ನುತ್ತಾಳೆ. ಗದಿಗೆಮ್ಮನನ್ನೇ ಕೇಳಿದಿರೋ, ಹೈದರಾಬಾದಿನ ನಾಚಾರಂನ ಎರಡು ಕೋಣೆಯ ಮನೆಯಲ್ಲಿ ಕಾಲು ಚಾಚಿ ಕೂತು ಮಂಡಕ್ಕಿ ಸುಸಲಾ ಮೆಲ್ಲುತ್ತಿರುವ ಆಕೆ, “ಸ್ವಲ್ಪ ಸುಮ್ಕಿರ್ರಿ, ನನ್ನ ಫೋಟೋ ಬರೋ ಹೊತ್ತಾತು” ಎಂದು ಟೀವಿಯ ಕಡೆ ತಿರುಗುತ್ತಾಳೆ.

ಸಂಜೆ ಏಳೂವರೆಗೆ ‘ತಲ್ಲಿ ಗಡಪ’ ಶುರುವಾಗುತ್ತದೆ. ತಾಯಿಯ ಹೊಸ್ತಿಲು ಎಂದರ್ಥ. ದೊಡ್ಡ ಮನೆ, ದೊಡ್ಡ ಮೆಟ್ಟಿಲು, ದೊಡ್ಡ ಕುಂಕುಮದ ಅತ್ತೆ, ಎಲ್ಲ ಇದೆ. ಆ ಮನೆಯ ಹಜಾರದ ಗೋಡೆಯ ಮೇಲೆ, ಹಾರ ಹಾಕಿದ ಒಬ್ಬ ಹೆಂಗಸಿನ ಫೋಟೋ. ನಾಯಕಿಗೆ ದಿನಕ್ಕೊಂದು ಕಷ್ಟ ಬರುತ್ತದೆ, ಬರದಿದ್ದರೆ ಸೀರಿಯಲ್ ಹೇಗೆ ನಡೆದೀತು? ಬಂದಾಗಲೆಲ್ಲ ಅವಳು ಆ ಫೋಟೋದ ಮುಂದೆ ನಿಂತು “ಅಮ್ಮಾ” ಎಂದು ಅಳುತ್ತಾಳೆ. ಆ ಫೋಟೋ ಗದಿಗೆಮ್ಮನದು. ಅದನ್ನು ಅಲ್ಲಿ ತೂಗುಹಾಕಿ ಹಾರ ಹಾಕಿದವಳು ಆಕೆಯ ಹೊಟ್ಟೆಯಲ್ಲಿ ಹುಟ್ಟಿದ ಒಬ್ಬಳೇ ಮಗಳು ರೇಣುಕಾ, ಇವತ್ತು ಆ ಸೀರಿಯಲ್ಲಿನ ನಿರ್ದೇಶಕಿ.

ಥೂ, ಎಂಥ ಮಗಳಪ್ಪಾ ಎಂದು ಉಗಿಯುವ ಮೊದಲು ಸ್ವಲ್ಪ ಕೇಳಿ.

ರೇಣುಕಾಳ ಅಪ್ಪ ಸಾಲೇಹ್ ಬಿನ್ ಅವದ್, ಹೈದರಾಬಾದಿನ ಅರಬ್ ಮೂಲದವರ ಬಡಾವಣೆ ಬಾರ್ಕಸ್ಸಿನವನು. ಅವನ ಮುತ್ತಜ್ಜ ಅರಬ್ ದೇಶದಿಂದ ನಿಜಾಮನ ಪಡೆಗೆ ಸೇರಲು ಬಂದವನು. ಸಾಲೇಹನ ಹೊತ್ತಿಗೆ ಪಡೆಯೂ ಇಲ್ಲ, ನಿಜಾಮನೂ ಇಲ್ಲ. ಅವನು ಮರಳಿನ ಲಾರಿ ಓಡಿಸುತ್ತಿದ್ದ, ಮದುವೆಗಳಲ್ಲಿ ಅರಬರ ಡೋಲು ಮರ್ಫಾ ಬಾರಿಸುತ್ತಿದ್ದ. ಹೆಗಲಿಗೆ ಡೋಲು ನೇತುಹಾಕಿ ಅವನು ಬಾರಿಸಲು ನಿಂತರೆ ಮದುಮಗನೇ ಕುದುರೆ ಇಳಿದು ಕುಣಿಯುತ್ತಿದ್ದನಂತೆ. ಗದಿಗೆಮ್ಮ ಸೇಡಂ ಕಡೆಯ ಹಳ್ಳಿಯವಳು, ಕಾಂಕ್ರೀಟ್ ಹೊರಲು ಕೂಲಿಗಳ ಗುಂಪಿನ ಜೊತೆ ಹೈದರಾಬಾದಿಗೆ ಬಂದವಳು. ಅವನು ಮರಳು ಸುರಿದ, ಅವಳು ಬುಟ್ಟಿಗೆ ತುಂಬಿದಳು, ಹೀಗೆ ಶುರುವಾದದ್ದು ಮದುವೆಯಲ್ಲಿ ನಿಂತಿತು. ಮಗಳು ಹುಟ್ಟಿದಾಗ ಬಾರ್ಕಸ್ಸಿನ ಅಜ್ಜಿ ರೈಹಾನಾ ಎಂದು ಕರೆದಳು, ಅವ್ವ ರೇಣುಕಾ ಎಂದಳು. ಕೂಸು ಎರಡಕ್ಕೂ ಓಗೊಟ್ಟಿತು.

ಅಂಥ ಮನೆಯ ಗೋಡೆಯ ಮೇಲೆ ಏನಿರಬೇಕು? ಅಪ್ಪನ ಕಡೆಯವರು ಸತ್ತವರ ಫೋಟೋ ತೂಗುಹಾಕುವವರಲ್ಲ. ಅವ್ವನ ಕಡೆಯವರು ಹಾಕುವವರೇ, ಆದರೆ ಆ ಕಡೆಯ ನಂಟು ಮದುವೆಯ ದಿನವೇ ಕಡಿದುಹೋಗಿತ್ತು. ಹಾಗಾಗಿ ಗೋಡೆಯ ಮೇಲೆ ಒಂದು ಗಡಿಯಾರ, ಸಿಮೆಂಟು ಕಂಪನಿಯ ಒಂದು ಕ್ಯಾಲೆಂಡರ್, ಮುಗಿಯಿತು. ಫೋಟೋಗೆ ಹಾರ ಬಿದ್ದರೆ ಆ ಮನುಷ್ಯ ಮುಗಿದ ಎಂಬುದನ್ನು ಉಳಿದ ಮಕ್ಕಳು ನಡೆಯಲು ಕಲಿಯುವ ಹೊತ್ತಿಗೇ ಕಲಿತಿರುತ್ತಾರೆ. ರೇಣುಕಾಗೆ ಅದು ತಿಳಿದಿತ್ತು, ಆದರೆ ತಟ್ಟಿರಲಿಲ್ಲ. ಅವಳಿಗೆ ಹಾರ ಎಂದರೆ ಹೂವು, ಅಷ್ಟೆ.

‘ತಲ್ಲಿ ಗಡಪ’ದ ಮೊದಲ ದಿನ ಅವಳು ಅಲ್ಲಿ ಬರೀ ಸಹಾಯಕಿ. ಸತ್ತ ತಾಯಿಯ ಫೋಟೋಗೆಂದು ಕರೆಸಿದ್ದ ಹಿರಿಯ ನಟಿ ಚೆಂಡುಹೂವಿನ ಹಾರ ಕಂಡದ್ದೇ ತಡ, “ಮೊನ್ನೆ ನನಗೆ ಮೊಮ್ಮಗ ಹುಟ್ಟಿದ್ದಾನೆ, ನಾನು ಒಲ್ಲೆ” ಎಂದು ಕಾರು ಹತ್ತಿಬಿಟ್ಟಳು. ಬೇರೆ ಯಾರೂ ಒಪ್ಪಲಿಲ್ಲ. ಲೈಟುಗಳು ಉರಿಯುತ್ತಿದ್ದವು, ನಿರ್ಮಾಪಕ ಸುಬ್ಬರಾಯ ಕೂಗಾಡುತ್ತಿದ್ದ. ರೇಣುಕಾ ತನ್ನ ಪರ್ಸಿನಿಂದ ಒಂದು ಹಳೆಯ ಫೋಟೋ ತೆಗೆದಳು: ಸೇಡಮ್ಮಿನ ಸ್ಟುಡಿಯೋದಲ್ಲಿ ತೆಗೆಸಿದ್ದು, ಇಪ್ಪತ್ತರ ಗದಿಗೆಮ್ಮ, ದೊಡ್ಡ ಕುಂಕುಮ, ಎಡಗಡೆ ಮೂಗುತಿ. ಹಬ್ಸಿಗುಡಾದ ಒಂದು ಅಂಗಡಿಯಲ್ಲಿ ಅದನ್ನು ದೊಡ್ಡದು ಮಾಡಿಸಿ ಕಟ್ಟು ಹಾಕಿಸಿ ಗೋಡೆಗೇರಿಸಿದಳು.

“ಯಾರ್ರೀ ಇವರು?” ಎಂದ ಸುಬ್ಬರಾಯ. ಅವನು ರಾಯಚೂರಿನವನು, ಅವಳ ಜೊತೆ ಕನ್ನಡವನ್ನೇ ಆಡುತ್ತಿದ್ದ.

“ನಮ್ಮವ್ವರಿ.”

“ಪಾಪ, ಯಾವಾಗ ತೀರಿಕೊಂಡ್ರು?”

“ತೀರಿಕೊಂಡಿಲ್ಲರಿ. ಮನ್ಯಾಗ ಅದಾಳ.” ಎಂದವಳೇ ಸ್ಟೂಲು ಹತ್ತಿ ಹಾರ ಹಾಕಿದಳು.

ಲೈಟಿನವರು ಕೆನ್ನೆ ಬಡಿದುಕೊಂಡರು. ಯಾಕೆ ಎಂದು ಅವಳಿಗೆ ಅರ್ಥವೇ ಆಗಲಿಲ್ಲ. ಕೆಲಸ ನಿಲ್ಲಬಾರದು ಎಂಬುದಷ್ಟೇ ಅವಳ ತಲೆಯಲ್ಲಿತ್ತು.

ಮೊದಲ ವಾರವೇ ಸೀರಿಯಲ್ ಎಲ್ಲರನ್ನೂ ಹಿಂದೆ ಹಾಕಿತು. ಸುಬ್ಬರಾಯ ಎಂಥವನೆಂದರೆ, ಬೆಕ್ಕು ಅಡ್ಡ ಬಂದರೆ ವಿಮಾನವನ್ನೇ ಬಿಡುವ ಆಸಾಮಿ. ಇದು ಹಾರ ಹಾಕಿದ ಕೈಯ ಗುಣವೇ ಎಂದು ತೀರ್ಮಾನಿಸಿದ. ಅಂದಿನಿಂದ ದಿನಾ ಬೆಳಿಗ್ಗೆ ರೇಣುಕಾಳೇ ಹೊಸ ಹಾರ ಹಾಕಬೇಕು, ಆಮೇಲೆಯೇ ಮೊದಲ ಶಾಟ್. ಒಮ್ಮೆ ಅವಳು ಟೈಫಾಯ್ಡಿನಿಂದ ಮಲಗಿದಾಗ ಬೇರೆಯವರು ಹಾಕಿದರು, ಆ ವಾರ ನೋಡುವವರು ಕಡಿಮೆಯಾದರು. ಕ್ರಿಕೆಟ್ ಮ್ಯಾಚ್ ಇತ್ತು ಮಾರಾಯ ಎಂದು ಯಾರು ಹೇಳಿದರೂ ಸುಬ್ಬರಾಯ ಕೇಳಲಿಲ್ಲ. ಮೈ ಕೆಂಡವಾಗಿದ್ದರೂ ಕಾರಿನಲ್ಲಿ ಕೂರಿಸಿಕೊಂಡು ಬಂದು, ಹಾರ ಹಾಕಿಸಿ, ವಾಪಸು ಕಳಿಸಿದ. ಮೊದಲ ನಿರ್ದೇಶಕ ಜಗಳವಾಡಿ ಬಿಟ್ಟುಹೋದಾಗ, “ಹಾರ ಹಾಕೋ ಕೈಯಾಗಽ ಸೀರಿಯಲ್ಲೂ ಇರಲಿ” ಎಂದು ಅವಳನ್ನೇ ಕೂರಿಸಿದ. ಟೈಟಲ್ಲಿನಲ್ಲಿ ರೈಹಾನಾ ಎಂದರೆ ಒಬ್ಬರು ಮುಖ ತಿರುವುತ್ತಾರೆ, ರೇಣುಕಾ ಬಿನ್ ಅವದ್ ಎಂದರೆ ಎಲ್ಲರೂ ತಿರುವುತ್ತಾರೆ ಎಂದು ಹೆಸರನ್ನೂ ಕತ್ತರಿಸಿದ. ದರ್ಶಕತ್ವಂ, ಎಂದರೆ ನಿರ್ದೇಶನ: ರೇಣು. ಅದು ಗಂಡಸೋ ಹೆಂಗಸೋ, ಯಾವ ಊರೋ ಯಾವ ಮನೆಯೋ ತಿಳಿಯದ ಎರಡಕ್ಷರ.

ನಿರ್ದೇಶಕಿಯಾಗಿದ್ದಕ್ಕೆ ಅವಳಿಗೆ ಹಿಗ್ಗಾಗಬೇಕಿತ್ತು, ಆಗಲಿಲ್ಲ. ನನಗೆ ಕೆಲಸ ಬರುತ್ತದೆ ಎಂದು ಕೊಟ್ಟರೋ, ನನ್ನ ಕೈಗುಣಕ್ಕೆ ಕೊಟ್ಟರೋ ಎಂಬ ಮುಳ್ಳು ಅಂದು ಹೊಕ್ಕಿದ್ದು ಹೊರಬರಲೇ ಇಲ್ಲ. ನಾಚಾರಂನ ಮುಚ್ಚಿಹೋದ ನಟ್ಟು-ಬೋಲ್ಟಿನ ಫ್ಯಾಕ್ಟರಿಯ ಶೆಡ್ಡೇ ಅವರ ಸ್ಟುಡಿಯೋ. ಆ ದೊಡ್ಡ ಮನೆಗೆ ಹನ್ನೆರಡು ಬಾಗಿಲು, ಒಂದೂ ಹೊರಗೆ ತೆರೆಯುವುದಿಲ್ಲ. ಕಿಟಕಿಯಾಚೆಯ ಆಕಾಶಕ್ಕೆ ವರ್ಷಕ್ಕೊಮ್ಮೆ ಬಣ್ಣ ಹೊಡೆಯುತ್ತಾರೆ. ಅಲ್ಲಿ ಸುಬ್ಬರಾಯನ ಇನ್ನೊಂದು ಕಟ್ಟಳೆ: ಕಟ್ ಎನ್ನುವುದು ಒಂದೇ ಬಾಯಿ, ನಿರ್ದೇಶಕಿಯದು. ಬೆಂಕಿ ಬಿದ್ದರೂ ಬೇರೆಯವರು ಅನ್ನುವಂತಿಲ್ಲ. ಕ್ಯಾಮೆರಾದ ಆನಂದಕುಮಾರ ಒಮ್ಮೆ ಬಾಯಿ ತಪ್ಪಿ ಅಂದದ್ದಕ್ಕೆ ಮೂರು ದಿನ ಹೊರಗೆ ನಿಲ್ಲಿಸಿದ್ದ.

ಗದಿಗೆಮ್ಮ? ಮೊದಲ ದಿನ ಟೀವಿಯಲ್ಲಿ ತನ್ನ ಫೋಟೋ ಕಂಡು ಆಕೆ ಒಳಗೆ ಎದ್ದುಹೋದಳು. ಊಟ ಬಿಟ್ಟಳು, ಗೋಡೆಗೆ ಮುಖ ಮಾಡಿ ಮಲಗಿದಳು. ನಾಲ್ಕು ದಿನದ ಮೇಲೆ, ಧಾರವಾಡದ ಹುಡುಗಿ ಲಹರಿ ರೊಟ್ಟಿ ತಿನ್ನಲು ಮನೆಗೆ ಬಂದಿದ್ದಳು. ಸೀರಿಯಲ್ಲಿನ ನಾಯಕಿ ಅವಳೇ, ದಿನಾ ಆ ಫೋಟೋದ ಮುಂದೆ ಅಳುವವಳು. ಅವಳೇ ಬಾಯಿಬಿಟ್ಟಳು: ಕ್ಯಾಮೆರಾ ಮುಂದೆ ಹೆಣವಾದವರು, ಫೋಟೋಗೆ ಹಾರ ಹಾಕಿಸಿಕೊಂಡವರು, ಶಾಟ್ ಮುಗಿದ ಕೂಡಲೇ ಅದೇ ಕ್ಯಾಮೆರಾ ನೋಡಿ ಒಮ್ಮೆ ನಗಬೇಕು. ನಕ್ಕರೆ ಅಪಶಕುನ ಕಳೆಯಿತು. ನಗದೆ ಎದ್ದುಹೋದರೆ ಅದು ಬೆನ್ನು ಬಿಡುವುದಿಲ್ಲ.

“ಹಂಗಾದ್ರ ನಾ ನಕ್ಕಿಲ್ಲಲ್ಲ” ಎಂದಳು ಗದಿಗೆಮ್ಮ, ರೊಟ್ಟಿ ಬಡಿಯುತ್ತ.

“ಅಯ್ಯ ಅವ್ವ, ಎಲ್ಲಾ ಮೂಢನಂಬಿಕಿ” ಎಂದಳು ರೇಣು.

“ಹೌದ್ ತಗೋ. ಮತ್ತ ನಿನ್ನ ಕೈಲೆ ದಿನಾ ಹಾರ ಯಾಕ ಹಾಕಸ್ತಾನ ಅಂವ?”

ರೇಣು ರೊಟ್ಟಿಯ ತಟ್ಟೆಯನ್ನು ಲಹರಿಯ ಕಡೆ ಸರಿಸಿದಳು. ವರ್ಷ ಉರುಳಿದಂತೆ ಆ ಫೋಟೋ ನೋಡುವುದು ಗದಿಗೆಮ್ಮನಿಗೆ ರೂಢಿಯಾಯಿತು, ಮಗಳಿಗೆ ಹಾರ ಹಾಕುವುದು ರೂಢಿಯಾಯಿತು. ಪ್ರತಿ ಸಲ “ಇನ್ನೊಂದು ಆರು ತಿಂಗಳು” ಎನ್ನುತ್ತ ಸುಬ್ಬರಾಯ ಅವಳಿಂದ ಕರಾರಿಗೆ ಸಹಿ ಹಾಕಿಸಿದ. ಸೀರಿಯಲ್ ನಡೆಯುವವರೆಗೆ ಬೇರೆ ಯಾವ ಕೆಲಸವನ್ನೂ ಮಾಡುವಂತಿಲ್ಲ ಎಂದು ಅದರಲ್ಲಿತ್ತು.

ಈ ನಡುವೆ ಅವಳು ಒಂದು ಸಿನಿಮಾ ಬರೆದಿದ್ದಳು. ಬಾರ್ಕಸ್ಸಿನ ಮರ್ಫಾ ಬಾರಿಸುವವನ ಕಥೆ, ಅವಳಪ್ಪನ ಕಥೆ, ಅರ್ಧ ದಖನಿ ಉರ್ದು ಅರ್ಧ ಕನ್ನಡ. ಅದನ್ನು ಓದಿದವರೆಲ್ಲ, “ಚೆನ್ನಾಗಿದೆ, ಆದರೆ ಇದು ಯಾರ ಸಿನಿಮಾ?” ಎಂದು ಕೇಳಿ ವಾಪಸು ಕೊಟ್ಟಿದ್ದರು. ಒಂಬತ್ತನೆಯ ವರ್ಷದ ಜುಲೈಯಲ್ಲಿ ಸಿಕಂದರಾಬಾದಿನ ವೈಜನಾಥ ಓದಿದ. ಬೀದರಿನವನು, ಎರಡು ಥಿಯೇಟರ್ ನಡೆಸಿ ಕೈ ಸುಟ್ಟುಕೊಂಡವನು, ಆದರೂ ಸಿನಿಮಾದ ಹುಚ್ಚು ಬಿಡದವನು.

“ಇದು ನಮ್ಮ ಸಿನಿಮಾ ನೋಡವ್ವ” ಎಂದ ಅವನು. “ನಮ್ಮನ್ಯಾಗ ಹಿಂಗಽ ಮಾತಾಡ್ತೀವಿ. ನವೆಂಬರ್ ಹತ್ತಕ್ಕ ಶುರು ಮಾಡು. ಅದು ಮದುವಿ ಸೀಜನ್, ಖರೇ ಮರ್ಫಾ, ಖರೇ ಬಾರಾತು ಮೆರವಣಿಗಿ ಸಿಗ್ತಾವ. ಅದು ತಪ್ಪಿದ್ರ ಮುಂದಿನ ವರ್ಷ ನನ್ನ ಕಡಿ ರೊಕ್ಕ ಇರ್ತದೋ ಇಲ್ಲೋ, ನಾ ಇರ್ತೀನೋ ಇಲ್ಲೋ. ಸುಬ್ಬರಾಯನ ಕಡಿಂದ ಬಿಡುಗಡಿ ಪತ್ರ ಒಂದು ತಗೊಂಡ್ ಬಾ.”

ರೇಣು ಅಂದೇ ಸಿನಿಮಾ ನಿರ್ದೇಶಕರ ಸಂಘಕ್ಕೆ ಅರ್ಜಿ ಹಾಕಿದಳು. ಸದಸ್ಯತ್ವದ ಕಾರ್ಡಿಗೆಂದು ಹೊಸ ಫೋಟೋ ತೆಗೆಸಿದಳು. ಹೆಸರಿನ ಜಾಗದಲ್ಲಿ ಪೂರ್ತಿ ಬರೆದಳು: ರೈಹಾನಾ ರೇಣುಕಾ ಬಿನ್ತ್ ಸಾಲೇಹ್, ಸಾಲೇಹನ ಮಗಳು. ಬರೆದ ಮೇಲೆ ಅದನ್ನು ಎರಡೆರಡು ಸಲ ಓದಿ ಒಬ್ಬಳೇ ನಕ್ಕಳು. ಬಾರ್ಕಸ್ಸಿಗೆ ಹೋಗಿ ಚಿಕ್ಕಪ್ಪನ ಮಗನಿಗೆ ತೀರಿಕೊಂಡ ಅಪ್ಪನ ಡೋಲು ಕೊಟ್ಟು, ಹೊಸ ಚರ್ಮ ಕಟ್ಟಿಸಲು ಹೇಳಿ ಬಂದಳು.

ಆಮೇಲೆ ಸುಬ್ಬರಾಯನ ಮುಂದೆ ನಿಂತಳು. ಅವನು ಕೂಗಾಡಲಿಲ್ಲ. ಚಹಾ ತರಿಸಿದ. ಅಲ್ಲೇ ಅವಳಿಗೆ ಅನುಮಾನ ಬರಬೇಕಿತ್ತು.

“ಮುಗಿಸೋಣರಿ ಮೇಡಂ, ಎಲ್ಲದಕ್ಕೂ ಒಂದು ಕೊನಿ ಅಂತ ಬೇಕಲ್ಲ” ಎಂದ. “ಆದ್ರ ಆ ಫೋಟೋ ಇಳಿಸೋದು ಹೆಂಗ? ನಾ ಮುಟ್ಟೋದಿಲ್ಲ, ನನ್ನ ಮನಷ್ಯಾರೂ ಮುಟ್ಟೋದಿಲ್ಲ. ಫೋಟೋದಾಗ ಇದ್ದಾಕಿನಽ ಬಂದು ತನ್ನ ಹಾರ ತಾನಽ ತಗೀಲಿ. ತಾಯಿ ಸತ್ತಿರಲಿಲ್ಲ, ವಾಪಸ್ ಬಂದ್ಲು, ಶುಭಂ. ಒಂದಽ ಶಾಟ್. ಅದು ಆಯ್ತಂದ್ರ ನೀವು ಹಕ್ಕಿ ಹಂಗ ಹಾರ್ರಿ. ಆ ಫೋಟೋ ಮ್ಯಾಲ ಆಣಿ.”

ಬರೆದುಕೊಡಿ ಎಂದು ಕೇಳಲು ಅವಳಿಗೆ ನಾಲಿಗೆ ಏಳಲಿಲ್ಲ. ಒಂಬತ್ತು ವರ್ಷ ಉಪ್ಪು ತಿಂದ ಮನೆ ಎನ್ನಿಸಿತು. ಕೇಳಬೇಕಿತ್ತು, ಕೇಳಲಿಲ್ಲ, ಮಾಡಿದ್ದುಣ್ಣೋ ಮಹರಾಯ.

ಮನೆಗೆ ಬಂದು ಅವ್ವನಿಗೆ ಹೇಳಿದಾಗ ಗದಿಗೆಮ್ಮ ಟೀವಿ ಆರಿಸಿದಳು. ಆಮೇಲೆ ಎದ್ದು ನೀರು ಕುಡಿದು ಬಂದು ಕೂತಳು.

“ಆ ಫೋಟೋ ಎರಡು ಕಾಪಿ ಇದ್ವು ರೇಣು” ಎಂದಳು. “ಒಂದು ನನ್ನ ಜೋಡಿ ಬಂತು. ಇನ್ನೊಂದು ಊರಾಗ ಉಳೀತು. ನಾ ನಿಮ್ಮಪ್ಪನ್ನ ಮಾಡಿಕೊಂಡೆ ಅಂತ ಸುದ್ದಿ ಹೋದ ದಿನ ನಮ್ಮಪ್ಪ ಅದನ್ನ ಗ್ವಾಡಿಗೆ ತೂಗುಹಾಕಿ ಹಾರ ಹಾಕಿದ. ಊರಿಗೆಲ್ಲ ಊಟ ಹಾಕಿದ. ಹುಸೇನಪ್ಪ ಅಂತ ನಮ್ಮ ಗುಂಪಿನ್ಯಾಂವ, ಆ ಊಟ ಉಂಡು ಬಂದು ನನಗ ಹೇಳಿದ. ಹೋಳಿಗಿ ಭಾಳ ಛಲೋ ಆಗಿದ್ವಂತ.”

ಒಂಬತ್ತು ವರ್ಷ, ದಿನಾ ಬೆಳಿಗ್ಗೆ, ಸ್ಟೂಲು ಹತ್ತಿ! ನಾಚಿಕೆಯಿಂದ ರೇಣುವಿಗೆ ತಲೆಯೆತ್ತಲಾಗಲಿಲ್ಲ.

“ಅವತ್ತಽ ಹೇಳಬಾರದಿತ್ತೇನವ್ವ?”

“ಏನಂತ ಹೇಳ್ಲಿ? ನಿನಗ ಅದು ಗೊತ್ತಾಗಬಾರದು ಅಂತಽ ಗ್ವಾಡಿ ಖಾಲಿ ಇಟ್ಟು ಬೆಳಸಿದ್ದೆ. ಮ್ಯಾಲ ನಿನ್ನ ಕೆಲಸ ನಡೀತಿತ್ತು.” ಗದಿಗೆಮ್ಮ ಸೆರಗಿನಿಂದ ಮೂಗು ಒರೆಸಿಕೊಂಡಳು. “ಬರ್ತೀನಿ ನಡಿ. ಒಂದು ನಮ್ಮಪ್ಪ ಹಾಕಿದ್ದು, ಒಂದು ನೀ ಹಾಕಿದ್ದು. ಒಂದನ್ನಾರ ನನ್ನ ಕೈಲೆ ತಗೀತೀನಿ.”

ಸೆಪ್ಟೆಂಬರ್ ಕೊನೆಯಲ್ಲಿ ಆ ಶಾಟ್ ಆಯಿತು. ಹತ್ತಿ ಸೀರೆಯುಟ್ಟು, ಅದೇ ಮೂಗುತಿ ಇಟ್ಟು, ಗದಿಗೆಮ್ಮ ಬಣ್ಣದ ಹೊಸ್ತಿಲು ದಾಟಿ ಬಂದಳು. ಬುಟ್ಟಿ ಹೊತ್ತ ಕತ್ತು, ಅರವತ್ತಾದರೂ ಬಾಗಿರಲಿಲ್ಲ. ಫೋಟೋದ ಮುಂದೆ ನಿಂತಳು. ಸ್ಟೂಲು ಹತ್ತಿ, ಕೈಯೆತ್ತಿ ಹಾರ ತೆಗೆದಳು. ತೆಗೆದವಳು ಕ್ಯಾಮೆರಾ ಕಡೆ ತಿರುಗಿ ನಕ್ಕಳು. ಸೀನಿನಲ್ಲಿ ನಗು ಬರೆದಿರಲಿಲ್ಲ. ಮೊದಲು ತುಟಿಯಲ್ಲಿ, ಆಮೇಲೆ ಹೊಟ್ಟೆಯಿಂದ, ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ರೇಣು ಕಟ್ ಎಂದಾಗ ಶೆಡ್ಡಿಗೆ ಶೆಡ್ಡೇ ಚಪ್ಪಾಳೆ ತಟ್ಟಿತು. ಆ ನಗುವಿಗೆ ಕ್ಯಾಮೆರಾ ಎಲ್ಲಿಡಬೇಕು, ಎಷ್ಟು ಹೊತ್ತು ಬಿಡಬೇಕು ಎಂದು ತನಗೆ ತಿಳಿದಿತ್ತು ಎಂಬುದು ರೇಣುವಿಗೆ ಗೊತ್ತಾಯಿತು. ನಾನು ಕೆಲಸ ಬಲ್ಲವಳೇ ಎಂದು ಅಂದು ಮೊದಲ ಸಲ ಅನ್ನಿಸಿತು. ಬಿಡುಗಡೆಯೇ ಆದಂತೆ ಹಗುರಾದಳು.

ಅಯ್ಯೋ ಹುಚ್ಚಿ.

ಆ ಕಂತು ಬಂದ ಮರುದಿನ ಗದಿಗೆಮ್ಮನ ಫೋನಿಗೆ ಗೊತ್ತಿಲ್ಲದ ನಂಬರಿನಿಂದ ಕರೆ ಬಂತು. ಆ ಕಡೆಯಿಂದ ಒಬ್ಬ ಮುದುಕನ ದನಿ: “ಅಕ್ಕಾ, ನಾ ಶಿವಶರಣಪ್ಪ.” ಅವಳ ತಮ್ಮ. ಗಡಿಯ ಹಳ್ಳಿ, ಅಲ್ಲಿ ತೆಲುಗು ಸೀರಿಯಲ್ಲುಗಳನ್ನೂ ನೋಡುತ್ತಾರೆ. ಅಲ್ಲಿಯವರೆಗೆ ಒಂಬತ್ತು ವರ್ಷ ನೋಡಿ ಸುಮ್ಮನಿದ್ದವನು, ಅಕ್ಕ ಹಾರ ತೆಗೆದು ನಕ್ಕದ್ದನ್ನು ಕಂಡು ತಡೆಯಲಾರದೆ, ಅವರಿವರಿಂದ ನಂಬರು ಪಡೆದಿದ್ದ. “ಅಪ್ಪ ಹಾಕಿದ್ದ ಹಾರ ನಾ ಇವತ್ತು ಇಳಿಸಿದೆ ಅಕ್ಕಾ. ಬಾಯಿ ಬಿಟ್ಟು ಒಂದ್ ಮಾತು ಬೈ.” ಗದಿಗೆಮ್ಮ ಬೈಯಲಿಲ್ಲ. ಫೋನನ್ನು ಎದೆಗೊತ್ತಿಕೊಂಡು ಅಡುಗೆಮನೆಯಲ್ಲಿ ಕೂತು ಅತ್ತಳು. ಅಂದಿನಿಂದ ದಿನಾ ಏಳೂವರೆಗೆ ತಮ್ಮನ ಮನೆಯವರೆಲ್ಲ ಉಳಿದ ಕಂತುಗಳಿಗೆ ಟೀವಿ ಮುಂದೆ ಕೂರುತ್ತಿದ್ದರು, ಎಂಟಕ್ಕೆ ಫೋನ್ ಮಾಡುತ್ತಿದ್ದರು.

ನೋಡುಗರ ವಾರದ ಲೆಕ್ಕ ಏರಿದ್ದು ಕಂಡು ಸುಬ್ಬರಾಯ ಮಿಠಾಯಿ ಡಬ್ಬಿ ಹಿಡಿದು ಮನೆಗೇ ಬಂದ. ರೇಣು ಕೊನೆಯ ಕಂತುಗಳ ಎಡಿಟಿಂಗಿನಲ್ಲಿದ್ದಳು. ಅವಳು ಬರುವಷ್ಟರಲ್ಲಿ ಗದಿಗೆಮ್ಮ ನಟಿಸುವ ಕರಾರಿನ ಕಾಗದದ ಮೇಲೆ ತನ್ನ ಹೆಸರನ್ನು ದುಂಡಗೆ ಕನ್ನಡದಲ್ಲಿ ಬರೆದು ಕೊಟ್ಟಾಗಿತ್ತು.

“ಒಂದ್ ವರ್ಷ ಅಂತವ್ವ, ಭಾಳ ಕೇಳಿಕೊಂಡ್ರು” ಎಂದಳು, ಮದುವಣಗಿತ್ತಿಯ ಹಾಗೆ ತಲೆತಗ್ಗಿಸಿ. “ಶಿವಶರಣಪ್ಪನ ಮೊಮ್ಮಕ್ಕಳು ದಿನಾ ನೋಡ್ತಾವಂತ.”

ರೇಣು ಸುಬ್ಬರಾಯನನ್ನು ಹೊರಗೆ ಕರೆದು, “ಆಣೆ ಹಾಕಿದ್ರಲ್ಲ?” ಎಂದಳು. ಅವನು ಎರಡೂ ಕೈ ಜೋಡಿಸಿದ. “ಸೀರಿಯಲ್ ಮುಗಿದ ಮ್ಯಾಲ ಅಂದಿದ್ದೆರಿ ಮೇಡಂ. ಈಗ ಮುಗೀಲೇ ಇಲ್ಲಲ್ಲ? ತಾಯಿ ಬಂದ ಮ್ಯಾಲ ಮನಿ ಬಾಗಲಾ ಹಾಕ್ತಾರೇನು? ಬೇಕಾದ್ರ ನಿಮ್ಮ ತಾಯಿಯವರಿಗೇ ಹೇಳ್ರಿ, ನಾಳಿಂದ ಬರಬ್ಯಾಡ ಅಂತ. ನಾ ಒಂದ್ ಮಾತು ಕೇಳೋದಿಲ್ಲ.”

ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎಂದರೆ ಇದೇ. ಅವನಿಗೆ ಗೊತ್ತಿತ್ತು, ಅವಳು ಹೇಳಲಾರಳು. ಬೆಳಿಗ್ಗೆ ಮೇಕಪ್ ಕನ್ನಡಿಯ ಮುಂದೆ ಕೂತ ಅವ್ವ ತನ್ನ ಮುಖವನ್ನು ಆ ಕಡೆ ಈ ಕಡೆ ತಿರುಗಿಸಿ ನೋಡಿಕೊಳ್ಳುತ್ತಿದ್ದಳು. ನಲವತ್ತು ವರ್ಷ ಸತ್ತವಳಾಗಿ ಬದುಕಿದವಳು ಈಗ ತಾನೇ ಜೀವಂತವಾಗಿದ್ದಾಳೆ, ಅವಳನ್ನು ಮತ್ತೆ ಸಾಯಿಸಲೇ? ಒಮ್ಮೆ ಗದಿಗೆಮ್ಮ, “ನಿನ್ನ ಸಿನಿಮಾ ಏನಾತು?” ಎಂದು ಕೇಳಿದಳು. “ಆಮ್ಯಾಲ ಮಾಡ್ತೀನವ್ವ, ಅವಸರ ಏನೈತಿ” ಎಂದುಬಿಟ್ಟಳು ರೇಣು.

ವೈಜನಾಥ ನವೆಂಬರ್ ಐದರ ತನಕ ಕಾದ. ಐದರಂದು ಫೋನ್ ಮಾಡಿ, ಆ ಸಿನಿಮಾವನ್ನು ಮುಂಬಯಿಯ ಋಷಭ್ ಎಂಬ ನಿರ್ದೇಶಕನಿಗೆ ಕೊಟ್ಟೆ ಎಂದ. “ಸಿಟ್ಟಾಗಬ್ಯಾಡ ತಂಗಿ. ಬಾರಾತು ನಮಗ ಕಾಯೋದಿಲ್ಲ.”

“ಅವನಿಗೆ ಮರ್ಫಾ ಗೊತ್ತೈತೇನ್ರಿ?”

“ಕಲೀತಾನ.”

ಹತ್ತನೆಯ ತಾರೀಖು ಶೆಡ್ಡಿನಲ್ಲಿ ಅತ್ತೆ ಸೊಸೆಯ ಮೇಲೆ ಹಾಲು ಚೆಲ್ಲುವ ದೃಶ್ಯ ತೆಗೆಯುತ್ತಿದ್ದಾಗ ಚಿಕ್ಕಪ್ಪನ ಮಗ ಒಂದು ವೀಡಿಯೋ ಕಳಿಸಿದ. ಬಾರ್ಕಸ್ಸಿನ ಬೀದಿ, ಹೊಸ ಚರ್ಮ ಕಟ್ಟಿದ ಅಪ್ಪನ ಡೋಲು, ಗುರುತಿಲ್ಲದ ಯಾರದೋ ದನಿ “ಆಕ್ಷನ್” ಎನ್ನುತ್ತಿತ್ತು. “ರೈಹಾನಾ ಆಪಾ, ತುಮೇ ಕಾಂ ಹೈ?” ಅಕ್ಕಾ ನೀನೆಲ್ಲಿ, ಎಂದು ಅವನು ಕೆಳಗೆ ಬರೆದಿದ್ದ. ಅವಳು ಫೋನ್ ಬೋರಲು ಹಾಕಿ, ಹಾಲನ್ನು ಇನ್ನೊಮ್ಮೆ ಚೆಲ್ಲಿಸಿದಳು. ಯಾರ ಮೇಲೆ ಸಿಟ್ಟು ಮಾಡಬೇಕೋ ತಿಳಿಯದೆ ಸೆಟ್ಟಿನ ಸಾಮಾನು ನೋಡುವವರ ಮೇಲೆ ಕೂಗಾಡಿದಳು.

ಡಿಸೆಂಬರಿನಲ್ಲಿ ಸೀರಿಯಲ್ಲಿಗೆ ನೋಡುವವರು ಸ್ವಲ್ಪ ಕಡಿಮೆಯಾದರು. ಸುಬ್ಬರಾಯ ಹಜಾರದ ಗೋಡೆಯ ಬೋಳು ಮೊಳೆಯನ್ನೇ ದಿಟ್ಟಿಸಿ ನಿಂತ. ಅಲ್ಲಿ ಫೋಟೋ ಇಲ್ಲ, ಹಾರವಿಲ್ಲ, ಅದಕ್ಕೇ ಹೀಗೆ. ಎರಡು ದಿನದಲ್ಲಿ ಹೊಸ ಕಥೆ ಸಿದ್ಧವಾಯಿತು: ವಾಪಸು ಬಂದ ತಾಯಿಗೆ ಇನ್ನೊಬ್ಬ ಮಗಳಿದ್ದಳು, ಅವಳು ಸತ್ತಿದ್ದಾಳೆ ಎಂಬುದು ತಾಯಿಗೆ ಈಗ ತಿಳಿಯುತ್ತದೆ. ಫೋಟೋಗೆ ಯಾವ ಹುಡುಗಿಯೂ ಒಪ್ಪಲಿಲ್ಲ.

“ಮೇಡಂ” ಎಂದ ಸುಬ್ಬರಾಯ ಮೆಲ್ಲಗೆ, “ನಿಮ್ಮ ಪರ್ಸಿನ್ಯಾಗ ಯಾವುದಾರ ಫೋಟೋ ಐತೇನ್ರಿ?”

ಇತ್ತು. ನಿರ್ದೇಶಕರ ಕಾರ್ಡಿಗೆಂದು ತೆಗೆಸಿದ್ದು, ನಗುಮುಖದ್ದು. ಕಾರ್ಡು ಬಂದಿರಲಿಲ್ಲ, ಫೋಟೋ ಉಳಿದಿತ್ತು. ಮೊದಲ ಸಲ ಅವ್ವನ ಫೋಟೋ ಕೊಟ್ಟಾಗ ಅವಳಿಗೆ ಹಾರವೆಂದರೆ ಏನೆಂದು ತಟ್ಟಿರಲಿಲ್ಲ. ಈಗ ಚೆನ್ನಾಗಿ ತಟ್ಟಿತ್ತು. ತಟ್ಟಿದ್ದಕ್ಕೇ ಕೊಟ್ಟಳು. ಸುಳ್ಳೇನಿದೆ ಇದರಲ್ಲಿ ಎಂದುಕೊಂಡಳು. ಹಬ್ಸಿಗುಡಾದ ಅದೇ ಅಂಗಡಿಯಲ್ಲಿ ದೊಡ್ಡದು ಮಾಡಿಸಿದಳು, ಸ್ಟೂಲು ಹತ್ತಿದಳು, ತನ್ನ ಫೋಟೋಗೆ ತಾನೇ ಹಾರ ಹಾಕಿದಳು. ಲೈಟಿನವರು ಕೆನ್ನೆ ಬಡಿದುಕೊಂಡರು. ಲಹರಿ ಮುಖ ಮುಚ್ಚಿಕೊಂಡು ಹೊರಗೆ ಹೋದಳು. ಅವ್ವನಿಗೆ ಮೊದಲೇ ಹೇಳಬೇಕಿತ್ತು, ರೇಣುವಿಗೆ ಧೈರ್ಯ ಸಾಲಲಿಲ್ಲ. “ಮಗಳ ಫೋಟೋ ನೋಡಿ ಅಳೋ ಸೀನ್” ಎಂದಷ್ಟೇ ಬೇರೆಯವರಿಂದ ಹೇಳಿಸಿದಳು.

“ಆಕ್ಷನ್” ಎಂದಳು.

ಗದಿಗೆಮ್ಮ ಹೊಸ್ತಿಲು ದಾಟಿ ಬಂದಳು. ನಾಲ್ಕು ಹೆಜ್ಜೆ ಇಟ್ಟು ಗೋಡೆ ನೋಡಿದಳು. ಮರೆಯಲ್ಲಿ ಕೂತವನು ತೆಲುಗಿನಲ್ಲಿ ಅವಳ ಮಾತನ್ನು ಓದಿಹೇಳಿದ, ಮತ್ತೊಮ್ಮೆ ಹೇಳಿದ. ಅವಳು ಕೇಳಿಸಿಕೊಳ್ಳಲಿಲ್ಲ. ಸ್ಟೂಲು ಎಳೆದಳು, ಹತ್ತಿದಳು, ಹಾರವನ್ನು ಕಿತ್ತ ರಭಸಕ್ಕೆ ಚೆಂಡುಹೂವು ಶೆಡ್ಡಿನ ತುಂಬ ಚೆಲ್ಲಿದವು. ಫೋಟೋ ಇಳಿಸಿ ಕಂಕುಳಲ್ಲಿ ಅವುಚಿಕೊಂಡಳು.

“ಯಾವ ಹಲ್ಕಟ್ ಮಾಡಿದ ಕೆಲಸಲೇ ಇದು? ನನ್ನ ಮಗಳು ಸತ್ತಿಲ್ಲ!” ಅವಳ ಕನ್ನಡ ತಗಡಿನ ಮಾಡಿಗೆ ಬಡಿದು ವಾಪಸು ಬಂತು. “ಯಾರ ಕೈಲೇ ಹಾಕಿದ್ದು? ಹೇಳ್ರಿ!”

ಎಲ್ಲರೂ ಮಾನಿಟರಿನ ಹಿಂದೆ ಕೂತ ರೇಣುವನ್ನು ನೋಡಿದರು. ಗದಿಗೆಮ್ಮ ಹತ್ತಿರ ಬಂದು ಮಗಳ ಕೈ ಹಿಡಿದು ಮೂಸಿದಳು. ಚೆಂಡುಹೂವಿನ ವಾಸನೆ.

“ನನಗ ನಮ್ಮಪ್ಪ ಹಾಕಿದ್ದ” ಎಂದಳು, ದನಿ ಇಳಿಸಿ. “ನಿನಗ ನೀನಽ ಹಾಕ್ಕೊಂಡೇನು? ಸಿನಿಮಾ ಆಮ್ಯಾಲ ಮಾಡ್ತೀನಂದೆಲ್ಲ, ಸುಳ್ಳ ಹೇಳಿದಿ. ನನ್ನ ಸಲುವಾಗಿ ಹೇಳಿದಿ. ಏಳು.”

“ಅವ್ವ, ಬಿಡು...”

“ಏಳು ಅಂದ್ನೆಲ್ಲ. ನಡಿ, ನಿಂದ್ರು ಅಲ್ಲಿ. ಕ್ಯಾಮೆರಾ ಮುಂದ ನಗಬೇಕು. ನಾ ಒಂಬತ್ತ ವರ್ಷ ನಗದಽ ಕುಂತೆ, ನೀ ಒಂದ್ ದಿನಾನೂ ಕುಂದರಬ್ಯಾಡ.”

ಬುಟ್ಟಿ ಹೊತ್ತ ಕೈಗೆ ಎದುರಿಲ್ಲ. ದರದರ ಎಳೆದುಕೊಂಡು ಹೋಗಿ ಬಣ್ಣದ ಕಿಟಕಿಯ ಕೆಳಗೆ, ಚೆಲ್ಲಿದ ಹೂವಿನ ಮೇಲೆ, ಕ್ಯಾಮೆರಾದ ಎದುರು ನಿಲ್ಲಿಸಿದಳು. ಒಂಬತ್ತು ವರ್ಷದಲ್ಲಿ ರೇಣು ಈ ಕಡೆ ಬಂದು ನಿಂತಿರಲಿಲ್ಲ. ಲೈಟು ಕಣ್ಣಿಗೆ ಚುಚ್ಚಿತು. ಅದರಾಚೆ, ತಾನು ಈಗಷ್ಟೇ ಎದ್ದುಬಂದ ಕುರ್ಚಿಯಲ್ಲಿ ಸುಬ್ಬರಾಯ ಬಂದು ಕೂತದ್ದು ಕಾಣಿಸಿತು. ಅವನ ಮುಖ ಹಬ್ಬದ ಹಾಗೆ ಅರಳಿತ್ತು. ಇಬ್ಬರೂ ಬದುಕಿದ್ದಾರೆ, ತಾಯಿಯೂ, ಮಗಳೂ! ಇನ್ನೂ ಎಷ್ಟು ವರ್ಷದ ಕಥೆ! ಅವನು ಆನಂದಕುಮಾರನಿಗೆ ಕೈಸನ್ನೆ ಮಾಡಿದ, ನಿಲ್ಲಿಸಬೇಡ. ಆನಂದಕುಮಾರ ಕ್ಯಾಮೆರಾದಿಂದ ಕಣ್ಣು ತೆಗೆದು, ದಿನಾ ನೋಡುವ ಹಾಗೆ, ಅಪ್ಪಣೆಗಾಗಿ ರೇಣುವಿನ ಕಡೆ ನೋಡಿದ.

“ನಗು ನನ್ನವ್ವ” ಎಂದಳು ಗದಿಗೆಮ್ಮ. ಅಳುತ್ತಿದ್ದಳು. “ಒಂದಽ ಒಂದ್ ಸಲ.”

ರೇಣು ಬಾಯಿ ತೆರೆದಳು. ನಗು ಬರಲಿಲ್ಲ, ಮಾತೂ ಬರಲಿಲ್ಲ. ಆ ಶೆಡ್ಡಿನಲ್ಲಿ ಕಟ್ ಎನ್ನಬಹುದಾದವಳು ಅವಳೊಬ್ಬಳೇ. ಆನಂದಕುಮಾರ ಇನ್ನೊಂದು ಕ್ಷಣ ಕಾದು, ಓಡುತ್ತಲೇ ಇದ್ದ ಕ್ಯಾಮೆರಾಕ್ಕೆ ಮತ್ತೆ ಕಣ್ಣು ಕೊಟ್ಟ.